ಪ್ರಾಥಮಿಕ ತನಿಖೆ ಮಾಡಿದವರೇ ವಿಚಾರಣಾಧಿಕಾರಿಯಾದರೆ ಆಕ್ಷೇಪಿಸುವುದು ಯಾವಾಗ?

ಪ್ರಶ್ನೆ (ಪ್ರಥಮ ದರ್ಜೆ ಸಹಾಯಕ):

ಮಾನ್ಯರೇ, ನಾನು ರಾಜ್ಯ ಸರ್ಕಾರಿ ನೌಕರ. ನಮ್ಮ ಕಚೇರಿಯ ಕಡತವೊಂದು ಕಾಣೆಯಾದ ಸಂಬಂಧ 1957ರ ಸಿಸಿಎ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳ 11ನೇ ನಿಯಮದಡಿ ನನಗೆ ದೋಷಾರೋಪಣಾ ಪಟ್ಟಿ ಜಾರಿಯಾಗಿದೆ. ಪ್ರಾಥಮಿಕ ತನಿಖೆ ನಡೆಸಿ, ‘ಮೇಲ್ನೋಟಕ್ಕೆ’ ಎಂಬ ಮಾತನ್ನೂ ಸೇರಿಸದೆ, ನಾನೇ ಹೊಣೆಗಾರನೆಂದು ವರದಿ ಕೊಟ್ಟಿದ್ದ ಅಧಿಕಾರಿಯನ್ನೇ ಈಗ ವಿಚಾರಣಾಧಿಕಾರಿಯನ್ನಾಗಿ ನೇಮಿಸಿದ್ದಾರೆ. ಇಲಾಖೆಯ ಪರವಾಗಿ ಸಾಕ್ಷ್ಯ ಮಂಡಿಸುವ ಮಂಡನಾಧಿಕಾರಿಯ ನೇಮಕವೇ ಆಗಿಲ್ಲ. ಮೊದಲ ಸಾಕ್ಷಿಯನ್ನು ವಿಚಾರಣಾಧಿಕಾರಿಗಳೇ ಪ್ರಶ್ನಿಸಿದರು. ಸಾಕ್ಷಿ ತಡವರಿಸಿದಾಗ ಉತ್ತರವನ್ನೂ ವಿಚಾರಣಾಧಿಕಾರಿಗಳೇ ಸೂಚಿಸಿದರು. ಈಗಲೇ ಎದುರು ಹಾಕಿಕೊಳ್ಳದೆ, ದಂಡನೆಯ ಆದೇಶ ಬಂದ ಮೇಲೆ ಕೆಎಟಿಗೆ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಹೋಗುವುದೇ ಜಾಣತನವೆಂದು ಸಹೋದ್ಯೋಗಿಗಳು ಹೇಳುತ್ತಿದ್ದಾರೆ. ಇದು ಸರಿಯೇ?

ಉತ್ತರ (ನಿವೃತ್ತ ಶಿರಸ್ತೇದಾರ):

ಆ ಜಾಣತನವನ್ನು ನಂಬಬೇಡಿ. ಪಕ್ಷಪಾತದ ಆಕ್ಷೇಪ ಗೊತ್ತಿದ್ದೂ ಸುಮ್ಮನಿದ್ದು, ಫಲಿತಾಂಶ ವ್ಯತಿರಿಕ್ತವಾದಾಗ ಎತ್ತಿದರೆ ನ್ಯಾಯಾಲಯಗಳು ಒಪ್ಪುವುದು ಕಷ್ಟ. ಮನಕ್ ಲಾಲ್ ಪ್ರಕರಣದಲ್ಲಿ (1957) ವಕೀಲರೊಬ್ಬರ ದುರ್ನಡತೆಯ ವಿಚಾರಣೆ ನಡೆಸಿದ ಮಂಡಲಿಯ ಅಧ್ಯಕ್ಷರು ಹಿಂದೊಮ್ಮೆ ದೂರುದಾರರ ಪರವಾಗಿಯೇ ವಕಾಲತ್ತು ವಹಿಸಿದ್ದರು. ಮಂಡಲಿಯ ರಚನೆ ಸರಿಯಿರಲಿಲ್ಲವೆಂದು ಸುಪ್ರೀಂ ಕೋರ್ಟ್ ಒಪ್ಪಿತು. ಆದರೆ ಆ ವಕೀಲರು ಸಕಾಲದಲ್ಲಿ ಆಕ್ಷೇಪಿಸದೆ ತಮ್ಮ ಹಕ್ಕನ್ನು ಬಿಟ್ಟುಕೊಟ್ಟಿದ್ದಾರೆಂದು ಹೇಳಿ ಮೇಲ್ಮನವಿಯನ್ನು ವಜಾ ಮಾಡಿತು. ಆದ್ದರಿಂದ ವಿಚಾರಣಾಧಿಕಾರಿಯನ್ನು ಬದಲಿಸುವಂತೆ ಶಿಸ್ತು ಪ್ರಾಧಿಕಾರಿಗೆ (ದಂಡನೆ ವಿಧಿಸುವ ಅಧಿಕಾರವುಳ್ಳವರಿಗೆ) ಈ ವಾರವೇ ಲಿಖಿತ ಮನವಿ ಕೊಟ್ಟು ಸ್ವೀಕೃತಿ ಪಡೆಯಿರಿ. ಪ್ರಾಥಮಿಕ ತನಿಖಾ ವರದಿಯ ಪ್ರತಿ ನಿಮ್ಮಲ್ಲಿ ಇಲ್ಲದಿದ್ದರೆ ಅದನ್ನೂ ಅದೇ ಮನವಿಯಲ್ಲಿ ಕೇಳಿ.

ಉತ್ತರ (ಸೇವಾ ವಿಷಯಗಳ ವಕೀಲ):

ಮೇಲಿನ ಸಲಹೆ ಸರಿಯಾಗಿದೆ. ಆದರೆ ಆಕ್ಷೇಪವನ್ನು ಹೇಗೆ ಬರೆಯುತ್ತೀರಿ ಎಂಬುದರ ಮೇಲೆ ಬಹಳಷ್ಟು ನಿಂತಿದೆ. ಪ್ರಾಥಮಿಕ ತನಿಖೆ ಮಾಡಿದ್ದರು ಎಂಬುದಷ್ಟನ್ನೇ ಹೇಳಿದರೆ ವಾದ ದುರ್ಬಲ. ಆರೋಪದ ಸತ್ಯಾಸತ್ಯತೆಯ ಬಗ್ಗೆ ಅವರು ಆಗಲೇ ಅಂತಿಮ ಅಭಿಪ್ರಾಯ ಕೊಟ್ಟಿದ್ದಾರೆ, ಆ ವರದಿಯನ್ನು ಇಲಾಖೆ ದಾಖಲೆಯಾಗಿ ಅವಲಂಬಿಸಿದರೆ ಅದನ್ನು ರುಜುವಾತುಪಡಿಸಲು ಅವರೇ ಸಾಕ್ಷಿಯಾಗಿ ಬರಬೇಕಾಗುತ್ತದೆ ಮತ್ತು ಅವರನ್ನು ಪಾಟಿ ಸವಾಲು ಮಾಡುವ ನಿಮ್ಮ ಹಕ್ಕು ಅವರದೇ ಪೀಠದ ಮುಂದೆ ಅರ್ಥ ಕಳೆದುಕೊಳ್ಳುತ್ತದೆ ಎಂಬುದನ್ನು ವರದಿಯ ಸಾಲುಗಳನ್ನು ಉಲ್ಲೇಖಿಸಿಯೇ ಬರೆಯಿರಿ. ಉತ್ತರ ಪ್ರದೇಶದ ಮೊಹಮ್ಮದ್ ನೂಹ್ ಪ್ರಕರಣದಲ್ಲಿ ವಿಚಾರಣೆ ನಡೆಸುತ್ತಿದ್ದ ಪೊಲೀಸ್ ಅಧಿಕಾರಿ ನಡುವೆ ತಾವೇ ಸಾಕ್ಷ್ಯ ನುಡಿದು ಮತ್ತೆ ತೀರ್ಪುಗಾರರಾಗಿ ಕುಳಿತದ್ದನ್ನು ಸುಪ್ರೀಂ ಕೋರ್ಟ್ 1957ರಲ್ಲೇ ಸಹಜ ನ್ಯಾಯಕ್ಕೆ ವಿರುದ್ಧವೆಂದಿತು. (ಆ ಹೆಡ್ ಕಾನ್‌ಸ್ಟೇಬಲ್‌ಗೆ ಮಾತ್ರ ಪರಿಹಾರ ಸಿಗಲಿಲ್ಲ, ವಜಾ ಆದೇಶ ಸಂವಿಧಾನ ಜಾರಿಗೆ ಬರುವ ಮುಂಚಿನದಾಗಿತ್ತು.)

ಮಂಡನಾಧಿಕಾರಿ ಇಲ್ಲದಿರುವುದರಿಂದಲೇ ವಿಚಾರಣೆ ಬಿದ್ದುಹೋಗುವುದಿಲ್ಲ. ಸಿಆರ್‌ಪಿಎಫ್ ಸಿಬ್ಬಂದಿಗೆ ಸಂಬಂಧಿಸಿದ ರಾಮ್ ಲಖನ್ ಶರ್ಮಾ ಪ್ರಕರಣದಲ್ಲಿ (2018) ನ್ಯಾಯಾಲಯ ಇದನ್ನೇ ಹೇಳಿ, ವಿಚಾರಣಾಧಿಕಾರಿಯೇ ಇಲಾಖೆಯ ಪರ ಸಾಕ್ಷಿಗಳನ್ನು ನಡೆಸುವ ಪಾತ್ರಕ್ಕೆ ಇಳಿದಾಗ ವಿಚಾರಣೆ ಕೆಡುತ್ತದೆ ಎಂದಿತು. ಉತ್ತರ ಸೂಚಿಸಿದರೆನ್ನುತ್ತೀರಲ್ಲ, ನಿಮ್ಮ ಪ್ರಕರಣದ ಬಲ ಅಲ್ಲಿದೆ. ಯಾವ ಪ್ರಶ್ನೆ, ಯಾವ ಉತ್ತರ ಎಂಬುದನ್ನು ದಿನಾಂಕ ಸಹಿತ ಬರೆಯಿರಿ.

ಇನ್ನೊಂದು ಕಹಿ ಸಂಗತಿ. ಆದೇಶದ ನಂತರ ಗೆದ್ದರೂ ಸಾಮಾನ್ಯವಾಗಿ ಸಿಗುವುದು ದೋಷಮುಕ್ತಿಯಲ್ಲ. ವಿಚಾರಣಾ ವರದಿಯ ಪ್ರತಿ ಕೊಡದ ಸಂದರ್ಭದ ಬಗ್ಗೆ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಬಿ. ಕರುಣಾಕರ್ ಪ್ರಕರಣದಲ್ಲಿ (1993), ಅದರಿಂದ ನೌಕರನಿಗೆ ನಿಜವಾಗಿ ಬಾಧಕವಾಗಿದೆಯೇ ಎಂದು ಮೊದಲು ನೋಡಬೇಕು, ಆಗಿದ್ದರೆ ಆ ಹಂತದಿಂದ ವಿಚಾರಣೆ ಮುಂದುವರಿಸಲು ಇಲಾಖೆಗೆ ಅವಕಾಶ ಕೊಡಬೇಕು ಎಂದಿತು. ವರ್ಷಗಟ್ಟಲೆ ಹೋರಾಡಿ ಮತ್ತೆ ಅದೇ ಮೇಜಿನ ಮುಂದೆ ನಿಲ್ಲುವವರನ್ನು ನಾನು ಕಾಣುತ್ತಲೇ ಇದ್ದೇನೆ.

ಉತ್ತರ (ವಿಚಾರಣಾಧಿಕಾರಿಯಾಗಿ ಕೆಲಸ ಮಾಡಿದವರು):

ಆ ಕುರ್ಚಿಯಲ್ಲಿ ಕುಳಿತವನಾಗಿ ಒಂದು ಮಾತು. ಈ ಕೆಲಸ ಬರುವುದು ನಮ್ಮ ನಿತ್ಯದ ಹೊಣೆಗಳ ಮೇಲೆ ಹೆಚ್ಚುವರಿಯಾಗಿ. ಸಾಕ್ಷಿಯ ಮಾತು ಅಸ್ಪಷ್ಟವಾದಾಗ ಸ್ಪಷ್ಟನೆ ಕೇಳುವುದು ನಮ್ಮ ಕರ್ತವ್ಯವೇ ಆಗಿದೆ. ಪ್ರತಿ ಪ್ರಶ್ನೆಯಲ್ಲೂ ದ್ವೇಷ ಕಾಣಬೇಡಿ, ಮನವಿಯಲ್ಲಿ ಅಧಿಕಾರಿಯ ವ್ಯಕ್ತಿತ್ವವನ್ನು ಎಳೆಯಬೇಡಿ. ಆದರೂ ನಿಮ್ಮ ಪ್ರಕರಣದಲ್ಲಿ ಆ ಅಧಿಕಾರಿ ತಾವಾಗಿಯೇ ಹಿಂದೆ ಸರಿಯಬೇಕಿತ್ತು ಎಂಬುದು ನನ್ನ ಅಭಿಪ್ರಾಯ.

ನನ್ನ ಅನುಭವದಲ್ಲಿ ನಿಷ್ಪಕ್ಷಪಾತಕ್ಕೆ ಹೆಚ್ಚು ಪೆಟ್ಟು ಬೀಳುವುದು ವಿಚಾರಣಾ ಕೊಠಡಿಯಲ್ಲಿ ಅಲ್ಲ, ವರದಿ ಮೇಲೆ ಹೋದ ನಂತರ. ಆರೋಪ ಸಾಬೀತಾಗಿಲ್ಲವೆಂದು ಬರೆದರೆ ಮೇಲಿನವರಿಗೆ ಅದು ರುಚಿಸುವುದಿಲ್ಲ. ಶಿಸ್ತು ಪ್ರಾಧಿಕಾರಿಗೆ ಭಿನ್ನಾಭಿಪ್ರಾಯ ಇರಬಹುದು. ಆದರೆ ಅದರ ಕಾರಣಗಳನ್ನು ತಾತ್ಕಾಲಿಕವಾಗಿ ದಾಖಲಿಸಿ, ನೌಕರನಿಗೆ ತಿಳಿಸಿ, ಅವನ ಉತ್ತರ ಪಡೆದ ಮೇಲಷ್ಟೇ ತೀರ್ಮಾನಿಸಬೇಕೆಂದು ಕುಂಜ್ ಬಿಹಾರಿ ಮಿಶ್ರಾ ಪ್ರಕರಣದಲ್ಲಿ (1998) ಸ್ಪಷ್ಟವಾಗಿದೆ. ಆ ಹಂತದಲ್ಲೂ ಎಚ್ಚರದಿಂದಿರಿ.

ಪ್ರಶ್ನಿಸಿದವರಿಂದ:

ಧನ್ಯವಾದಗಳು. ನಾಳೆಯೇ ಮನವಿ ಸಲ್ಲಿಸುತ್ತೇನೆ. ಅದು ಇತ್ಯರ್ಥವಾಗುವವರೆಗೆ ವಿಚಾರಣೆಗೆ ಹಾಜರಾಗದೆ ಇರಬಹುದೇ?

ಉತ್ತರ (ಸೇವಾ ವಿಷಯಗಳ ವಕೀಲ):

ಬೇಡವೇ ಬೇಡ. ಗೈರುಹಾಜರಾದರೆ ಏಕಪಕ್ಷೀಯ ವಿಚಾರಣೆಗೆ ನೀವೇ ದಾರಿ ಮಾಡಿಕೊಟ್ಟಂತೆ. ಮನವಿ ಬಾಕಿಯಿರುವುದರಿಂದ ವಿಚಾರಣೆ ಮುಂದೂಡಬೇಕೆಂದು ಲಿಖಿತವಾಗಿ ಕೋರಿ. ಒಪ್ಪದಿದ್ದರೆ ಆಕ್ಷೇಪಕ್ಕೆ ಬಾಧಕವಾಗದಂತೆ ಭಾಗವಹಿಸುತ್ತಿದ್ದೇನೆ ಎಂದು ಆ ದಿನದ ನಡವಳಿಯಲ್ಲಿ ದಾಖಲಿಸಿ, ಸಾಕ್ಷಿಗಳನ್ನು ಪಾಟಿ ಸವಾಲು ಮಾಡಿ. ದಾಖಲಿಸಿಕೊಳ್ಳದಿದ್ದರೆ ಅದೇ ಸಂಜೆ ನೋಂದಾಯಿತ ಅಂಚೆಯಲ್ಲಿ ಕಳುಹಿಸಿ.