ಚರ್ಚೆ: ‘ಮಿರ್ಜಾಪುರ್’ ಥರದ ಸೀರೀಸ್‌ಗಳಲ್ಲಿ ನಿಜ ಎಷ್ಟು?

ಸುಹಾಸ್_ಗಾಂಧಿಬಜಾರ್: ‘ಮಿರ್ಜಾಪುರ್’, ಅದೇ ಉತ್ತರ ಪ್ರದೇಶದ ಗ್ಯಾಂಗ್‌ಸ್ಟರ್ ಕಥೆಯ ವೆಬ್ ಸೀರೀಸು, ಮೂರೂ ಸೀಸನ್ ಮುಗಿಸಿದೆ. ನಡುಬೀದೀಲಿ ಎಕೆ-47 ಹಾರಿಸ್ತಾರೆ, ಕೇಳೋರೇ ಇಲ್ಲ. ಪೂರ್ವಾಂಚಲದಲ್ಲಿ (ಉತ್ತರ ಪ್ರದೇಶದ ಪೂರ್ವ ಭಾಗ) ಇರೋದು ನಾಡ ಕಟ್ಟಾ, ಅಂದ್ರೆ ಲೋಕಲ್ಲಾಗಿ ಮಾಡಿದ ಪಿಸ್ತೂಲು. ಇದನ್ನ ‘ಇದ್ದದ್ದು ಇದ್ದಂಗೆ’ ಅಂತ ಹೊಗಳೋರು ಯಾರಪ್ಪ?

ವಸುಧಾ: ಬರೀ ಕಟ್ಟಾನಾ? 2005ರಲ್ಲಿ ಗಾಜಿಪುರ ಜಿಲ್ಲೆಯ ಶಾಸಕ ಕೃಷ್ಣಾನಂದ ರಾಯ್‌ನ ಕೊಂದಿದ್ದು ಎಕೆ-47ನಲ್ಲೇ. ಸೀರೀಸಲ್ಲಿ ಸುಳ್ಳಿರೋದು ಬಂದೂಕಲ್ಲಲ್ಲ, ಕೋರ್ಟ್ ವಿಷಯದಲ್ಲಿ. ಆ ಕೇಸು ದೆಹಲಿಗೆ ಹೋಗಿ, ಸಾಕ್ಷಿಗಳು ತಿರುಗಿಬಿದ್ದು, 2019ರಲ್ಲಿ ಆರೋಪಿಗಳು ಡಾನ್-ರಾಜಕಾರಣಿ ಮುಖ್ತಾರ್ ಅನ್ಸಾರಿ ಸಮೇತ ಖುಲಾಸೆ. ಅಷ್ಟು ವರ್ಷದ ವಾಯಿದೆ ಯಾವ ಸೀರೀಸಲ್ಲಿದೆ ತೋರಿಸಿ.

ಸುಹಾಸ್_ಗಾಂಧಿಬಜಾರ್: ಒಂದು ಕೊಲೆ ತಂದು ಇಡೀ ಪೂರ್ವಾಂಚಲ ಅಂದ್ರೆ ಹೆಂಗೆ ಮೇಡಂ? ಸೀರೀಸಲ್ಲಿ ಕಾಲೀನ್ ಭಯ್ಯಾ ಅನ್ನೋ ಕಾರ್ಪೆಟ್ ವ್ಯಾಪಾರಿ ಮಿರ್ಜಾಪುರ ಊರೇ ಆಳ್ತಾನೆ ಅನ್ನೋದನ್ನೂ ಒಪ್ತೀರಾ?

ಕಾಶಿ_ಕನ್ನಡಿಗ: ಕಾರ್ಪೆಟ್ ಅಂದ್ರಲ್ಲ, ಎಡವಟ್ಟಾಗಿರೋದೇ ಅಲ್ಲಿ. ಕಾರ್ಪೆಟ್ ಅಂದ್ರೆ ಮಿರ್ಜಾಪುರ ಅಲ್ಲ, ಪಕ್ಕದ ಭದೋಹಿ. ಜಿಐ ಟ್ಯಾಗ್ (ಊರಿನ ವಿಶೇಷ ಉತ್ಪನ್ನಕ್ಕೆ ಕೊಡೋ ಭೌಗೋಳಿಕ ಗುರುತು) ಇರೋದೂ ಭದೋಹಿ ಹೆಸರಲ್ಲೇ.

ಮಲ್ನಾಡ್_ಮಂಜ: ಭದೋಹಿ ಜಿಲ್ಲೆ ಆಗಿದ್ದೇ 1994ರಲ್ಲಿ ಮಾರಾಯ್ರೆ.

ಕಾಶಿ_ಕನ್ನಡಿಗ: ಅದಕ್ಕೆ ಮುಂಚೆ ವಾರಾಣಸೀಲಿತ್ತು. ಆಗಲೂ ಮಿರ್ಜಾಪುರ ಅಲ್ಲ!!

ಮಲ್ನಾಡ್_ಮಂಜ: ಆ ಜಿಐ ವ್ಯಾಪ್ತೀಲಿ ಮಿರ್ಜಾಪುರ ಜಿಲ್ಲೆನೂ ಇದೆ. ಓದ್ಕೊಂಡು ಬನ್ನಿ.

ಕಾಶಿ_ಕನ್ನಡಿಗ: ವ್ಯಾಪ್ತಿ ಬೇರೆ, ಹೆಸರು ಬೇರೆ. ಮಿರ್ಜಾಪುರದ ಹೆಸರಲ್ಲಿ ಜಿಐ ಇರೋದು ಜಮಖಾನಕ್ಕೆ. ನಾನು ಇಲ್ಲೇ ಇರೋನು, ನನಗೆ ಹೇಳ್ಕೊಡ್ಬೇಡಿ.

ಧಾರವಾಡ_ಪೇಡಾ: ಜಮಖಾನಕ್ಕ ನಮ್ಮ ನವಲಗುಂದಕ್ಕೂ ಜಿಐ ಐತ್ರಿ. ಹಂಗಂತ ಅಲ್ಲಿ ಕಾಲೀನ್ ಭಯ್ಯಾ ಹುಟ್ಯಾನೇನು? ಪೂರ್ವಾಂಚಲದಾಗ ರೊಕ್ಕ ಇದ್ದದ್ದು ರೈಲ್ವೆ ಟೆಂಡರ್‌ನ್ಯಾಗ. ಈಶಾನ್ಯ ರೈಲ್ವೆ ಕಚೇರಿ ಗೋರಖಪುರದಾಗ ಐತಿ, ಗುತ್ತಿಗೆ ಹಿಡಿಯೋ ಜಗಳದಾಗ ಗ್ಯಾಂಗ್ ಬೆಳದ್ವು. ಅಲ್ಲಿನ ಡಾನ್ ಹರಿಶಂಕರ ತಿವಾರಿ 1985ರಾಗ ಜೇಲಿನ್ಯಾಗ ಕುಂತು ಚಿಲ್ಲೂಪಾರ ವಿಧಾನಸಭಾ ಕ್ಷೇತ್ರ ಗೆದ್ದ. ಟೆಂಡರ್ ಫಾರ್ಮ್ ತೋರ್ಸಿದ್ರ ಯಾರ್ ನೋಡ್ತಾರ್ರೀ, ಅದಕ್ಕ ಗುಂಡು ಹಾರಸ್ತಾರ.

ವಸುಧಾ: ಅದನ್ನೇ ನಾನು ಹೇಳಿದ್ದು. ರಾಜಕಾರಣಿಗೆ ದುಡ್ಡು ಕೊಡೋ ಡಾನ್ ಹಳೇ ಕಥೆ, ಈಗ ಡಾನೇ ಟಿಕೆಟ್ ತಗೋತಾನೆ. ಮುಖ್ತಾರ್ ಮವೂ ಕ್ಷೇತ್ರದಿಂದ ಐದು ಸಲ ಶಾಸಕ ಆಗಿದ್ದ. 2024ರಲ್ಲಿ ಗೆದ್ದ 543 ಸಂಸದರಲ್ಲಿ 251 ಜನ ಕ್ರಿಮಿನಲ್ ಕೇಸಿದೆ ಅಂತ ಅಫಿಡವಿಟ್ಟಲ್ಲಿ ಅವರೇ ಬರೆದಿದ್ದಾರೆ.

ಸುಹಾಸ್_ಗಾಂಧಿಬಜಾರ್: ರಸ್ತೆ ತಡೆ ಮಾಡಿದ್ರೂ ಕೇಸು ಬೀಳತ್ತೆ. 251 ಜನಾನೂ ಗ್ಯಾಂಗ್‌ಸ್ಟರಾ? ಡಾನ್-ರಾಜಕಾರಣಿ ಅತೀಕ್ ಅಹ್ಮದ್‌ನ 2023ರಲ್ಲಿ ಪೊಲೀಸರ ಮಧ್ಯೆ, ಟಿವಿ ಕ್ಯಾಮೆರಾ ಮುಂದೆ ಹೊಡೆದಿದ್ದು ಪಿಸ್ತೂಲಲ್ಲಿ. ಎಕೆ-47 ಎಲ್ಲಿತ್ತು?

ವಸುಧಾ: ಪತ್ರಕರ್ತರ ವೇಷದಲ್ಲಿ ಬಂದು ಹೊಡೆದ್ರಲ್ಲ, ಅದನ್ನ ಸೀರೀಸಲ್ಲಿ ತೋರಿಸಿದ್ರೆ ನೀವೇ ಮೊದಲು ನಗ್ತಿದ್ರಿ. ಅದು ಟರ್ಕಿ ಪಿಸ್ತೂಲು ಅಂತ ಪೇಪರಲ್ಲೆಲ್ಲ ಬಂದಿತ್ತು. ನಿಮ್ಮ ನಾಡ ಕಟ್ಟಾ ಏನಾಯ್ತು ಸ್ವಾಮಿ?

ಸುಹಾಸ್_ಗಾಂಧಿಬಜಾರ್: ಪಿಸ್ತೂಲು ಅಂತ ನೀವೇ ಹೇಳಿದ್ರಲ್ಲ, ಅಷ್ಟು ಸಾಕು ನನಗೆ.

ಕಾಶಿ_ಕನ್ನಡಿಗ: ಭದೋಹಿ ವಿಷಯಕ್ಕೆ ಇನ್ನೂ ಯಾರೂ ಉತ್ತರ ಕೊಟ್ಟಿಲ್ಲ.

ಮಲ್ನಾಡ್_ಮಂಜ: ಕೊಟ್ಟಾಯ್ತು, ಮೇಲೆ ನೋಡಿ. ನಿಮಗೇನು ಭದೋಹೀಲಿ ಅಂಗಡಿ ಇದೆಯಾ?