ಸಹಾಯ ಬೇಕು: ಈ ಫ್ಲ್ಯಾಕ್ ಫೈಲ್ ನಿಜಕ್ಕೂ ಲಾಸ್‌ಲೆಸ್ಸಾ?

ಎಲ್ಲರಿಗೂ ನಮಸ್ಕಾರ. ಎಲೆಕ್ಟ್ರಾನಿಕ್ ಪಾಪ್ ಅಂದ್ರೆ ನನಗೆ ಪ್ರಾಣ. ಡಾಫ್ಟ್ ಪಂಕ್ ಜೋಡಿಯ 2013ರ ‘ರ್‍ಯಾಂಡಮ್ ಆಕ್ಸೆಸ್ ಮೆಮೊರೀಸ್’ ಆಲ್ಬಮ್ಮನ್ನು 24 ಬಿಟ್, 88.2 ಕಿಲೋಹರ್ಟ್ಸ್ ಸ್ಯಾಂಪಲ್ ದರದಲ್ಲಿ (ಸೆಕೆಂಡಿಗೆ 88,200 ಸಲ ಅಳೆದ ಸದ್ದು) ಕೊಂಡು ಲ್ಯಾಪ್‌ಟಾಪಿನಲ್ಲಿ ಕೇಳುತ್ತಿದ್ದೇನೆ. ಹೈ-ಹ್ಯಾಟ್ (ಡ್ರಮ್ ಸೆಟ್ಟಿನ ಜೋಡಿ ತಾಳ) ‘ತ್ಸ್’ ಎಂದು ಶುರುವಾಗಿ ಮೆಲ್ಲಗೆ ಕರಗುವುದೂ ಕಿವಿಗೆ ಸಿಗುತ್ತದೆ.

ಕಳೆದ ವಾರ ಬೇರೆ ಕಡೆ ಇನ್ನೊಂದು ಸಿಂಥ್ ಪಾಪ್ ಆಲ್ಬಮ್ ಕೊಂಡೆ. ಹೆಸರಿಗೆ ಫ್ಲ್ಯಾಕ್, ಅಂದ್ರೆ ಸದ್ದಿನ ಯಾವ ಅಂಶವನ್ನೂ ಕಳೆಯದೆ (ಲಾಸ್‌ಲೆಸ್) ಕುಗ್ಗಿಸಿದ ಫೈಲ್. ಆದರೆ ಸಿಂಬಲ್ ಸದ್ದು ಬಾಣಲೆಗೆ ನೀರು ಚಿಮುಕಿಸಿದ ಹಾಗೆ ಚುರುಚುರು ಅನ್ನುತ್ತದೆ. ಸದ್ದಿನ ಆವರ್ತನಗಳನ್ನು ಚಿತ್ರವಾಗಿ ತೋರಿಸುವ ಸ್ಪೆಕ್ ತಂತ್ರಾಂಶದಲ್ಲಿ ತೆರೆದು ನೋಡಿದೆ. ಎಲ್ಲ ಹಾಡಲ್ಲೂ 16 ಕಿಲೋಹರ್ಟ್ಸ್ ಹತ್ತಿರ ಕತ್ತರಿ ಹಾಕಿದಂತೆ ಗೆರೆ, ಅದರ ಮೇಲೆ ಬರೀ ಕಪ್ಪು, ಅಂದ್ರೆ ಸದ್ದೇ ಇಲ್ಲ. ಸದ್ದಿನ ಕೆಲವು ಅಂಶ ಕಳೆದು ಕುಗ್ಗಿಸುವ 128 ಕೆಬಿಪಿಎಸ್ (ಸೆಕೆಂಡಿಗೆ ಕಿಲೋಬಿಟ್) ಎಂಪಿ3ಯಲ್ಲಿ ಹೀಗೆ ಕಾಣುವುದು ಮಾಮೂಲಿ. ಎಂಪಿ3ಯನ್ನೇ ಫ್ಲ್ಯಾಕ್ ಮಾಡಿ ಮಾರಿದ್ದಾರೆ ಅನ್ನೋ ಅನುಮಾನ. ಆದರೆ ಹಳೆಯ ಸಿಂಥ್, ಸ್ಯಾಂಪ್ಲರ್‌ಗಳ ಸದ್ದೇ ಕೆಲವೊಮ್ಮೆ ಅಷ್ಟಕ್ಕೆ ನಿಲ್ಲುತ್ತದೆ ಅಲ್ವಾ? ಸುಮ್ನೆ ಜಗಳ ಮಾಡೋಕೆ ಇಷ್ಟವಿಲ್ಲ. ಎರಡರ ವ್ಯತ್ಯಾಸ ಖಚಿತವಾಗಿ ಗುರುತಿಸುವುದು ಹೇಗೆ?

ಇನ್ನೊಂದು ವಿಷಯ. ಬ್ಲೂಟೂತ್ ಬೇಡ ಅಂತ ತೀರ್ಮಾನಿಸಿದ್ದೇನೆ. ಸಿಡಿಯ ಸದ್ದನ್ನು ಕುಗ್ಗಿಸದೆ ಕಳಿಸಲು 1411 ಕೆಬಿಪಿಎಸ್ ಬೇಕು, ಬ್ಲೂಟೂತ್‌ನಲ್ಲಿ ಸದ್ದು ಕಳಿಸುವ ಎಲ್‌ಡ್ಯಾಕ್ ವಿಧಾನ ಕೊಡುವುದು ಹೆಚ್ಚೆಂದರೆ 990. ಅದಕ್ಕೇ ಆಂಡ್ರಾಯ್ಡ್ ಫೋನಿಗೆ ಯುಎಸ್‌ಬಿ ಡ್ಯಾಕ್ (ಡಿಜಿಟಲ್ ಸದ್ದನ್ನು ಹೆಡ್‌ಫೋನಿಗೆ ಬೇಕಾದ ಅನಲಾಗ್ ಸಂಕೇತವಾಗಿಸುವ ಸಾಧನ) ತಂದೆ. ಆದರೂ 88.2 ಫೈಲ್ ಹಾಕಿದರೆ ಡ್ಯಾಕ್ 48 ಕಿಲೋಹರ್ಟ್ಸ್ ಅಂತಲೇ ತೋರಿಸುತ್ತದೆ. ಫೋನ್ ಮಧ್ಯೆ ಕೈ ಹಾಕಿ ಸ್ಯಾಂಪಲ್ ದರ ಬದಲಿಸದಂತೆ ನೇರವಾಗಿ ಕಳಿಸುವ ಪ್ಲೇಯರ್ ಯಾವುದು? ಯಾವ ಸೆಟ್ಟಿಂಗ್ ಬದಲಿಸಬೇಕು? ಬಳಸಿ ನೋಡಿದವರು ದಯವಿಟ್ಟು ತಿಳಿಸಿ. ಬೇಕಿದ್ದರೆ ಸ್ಪೆಕ್ ಚಿತ್ರಗಳನ್ನು ಕಳಿಸುತ್ತೇನೆ.