ಸಹಾಯ ಬೇಕು: ವೆರಾಗುವಾ ಡ್ಯೂಕ್ ಪದವಿಯ ಹಳೇ ಕಾಗದ ಓದಬಲ್ಲವರು

ಕೊಲಂಬಸ್ ವಂಶದ ವೆರಾಗುವಾ ಡ್ಯೂಕ್ ಪದವಿಯ ವಂಶಾವಳಿ ಕನ್ನಡದಲ್ಲಿ ತಯಾರಾಗುತ್ತಿದೆ. 16ನೇ ಶತಮಾನದ ಸ್ಪ್ಯಾನಿಷ್ ಕೈಬರಹ ಬಲ್ಲವರು ದಯವಿಟ್ಟು ಕೈಜೋಡಿಸಿ.

ಸ್ಪೇನ್ ದೊರೆಯೊಂದಿಗಿನ 1536ರ ರಾಜಿಯಲ್ಲಿ ಕೊಲಂಬಸ್‌ನ ಮೊಮ್ಮಗ ಲೂಯಿಸ್‌ನ ವೈಸ್‌ರಾಯ್ ಹಕ್ಕು ಹೋಯಿತು. ಬದಲಿಗೆ ಸಿಕ್ಕಿದ್ದು ಪನಾಮಾ ಕರಾವಳಿಯ ವೆರಾಗುವಾದಲ್ಲಿ 25 ಲೀಗ್ (ದೂರದ ಹಳೇ ಅಳತೆ) ಚೌಕದ ನೆಲ, ಜಮೈಕಾ, ವರ್ಷಕ್ಕೆ 10,000 ಡುಕಾಟ್ (ಚಿನ್ನದ ನಾಣ್ಯ). 1556ರಲ್ಲಿ ವೆರಾಗುವಾದ ನೆಲ ದೊರೆಗೆ ವಾಪಸಾಯಿತು, ಡ್ಯೂಕ್ ಪದವಿ ಮಾತ್ರ ಉಳಿಯಿತು. ನೆಲ ಹೋದಾಗಲೇ ಪದವಿಯೂ ಮುಗಿಯಿತು ಎಂದು ಬರೆಯುವವರು ಇಲ್ಲೇ ಎಡವುತ್ತಾರೆ.

ನಿಜವಾದ ಗಂಟು ಪದವಿ ಯಾರಿಗೆ ಎಂಬ 1578ರ ನಂತರದ ವ್ಯಾಜ್ಯ. ನೇರ ಗಂಡುಸಂತಾನ ನಿಂತು, 1608ರಲ್ಲಿ ಲೂಯಿಸ್‌ನ ಸಹೋದರಿ ಇಸಾಬೆಲ್‌ಳ ಮೊಮ್ಮಗ ನುನ್ಯೊ ಗೆದ್ದ. ಹೆಣ್ಣಿನ ಕಡೆಯವರೂ ಕೊಲೊನ್ (ಕೊಲಂಬಸ್‌ನ ಸ್ಪ್ಯಾನಿಷ್ ರೂಪ) ಹೆಸರು ಇಟ್ಟುಕೊಂಡರು. ಅಡ್ಡಹೆಸರು ನಂಬಿ ಅಪ್ಪ-ಮಗ ಎಂದು ಗೆರೆ ಎಳೆದರೆ ಪಟ್ಟಿಯೇ ಕೆಡುತ್ತದೆ.

ಸ್ಪೇನ್‌ನ ಸೆವಿಲ್ಲೆ ನಗರದಲ್ಲಿರುವ ಇಂಡೀಸ್ (ಸ್ಪೇನ್‌ನ ಹಳೇ ಸಾಗರೋತ್ತರ ವಸಾಹತುಗಳು) ದಾಖಲೆಗಳ ಚಿತ್ರಗಳು ಸ್ಪೇನ್ ಸರ್ಕಾರದ ಪಾರೆಸ್ ತಾಣದಲ್ಲಿವೆ. ಕೋರ್ಟಿನ ಬರಹದಲ್ಲಿ ಲೇಖನಿ ಎತ್ತದೇ ಪದಗಳನ್ನು ಕೂಡಿಸಿರುತ್ತಾರೆ. ‘ಎಂ-ಆರ್-ಎಸ್’ ಎಂದರೆ ಮರವೇದಿ ನಾಣ್ಯ. ಸಾಲಿಗೆ ಸಾಲು ನಕಲು ಮಾಡಿ, ಸಂಕ್ಷೇಪಗಳನ್ನು ಬಿಡಿಸದೆ ಹಾಗೇ ಇಡಿ. ಅನುಮಾನದ ಅಕ್ಷರಕ್ಕೆ ಪ್ರಶ್ನಾರ್ಥಕ ಚಿಹ್ನೆ ಸಾಕು. ಹಾಳೆಯ ಸಂಖ್ಯೆ, ಮುಂಬದಿಯೋ ಹಿಂಬದಿಯೋ ತಪ್ಪದೇ ಬರೆಯಿರಿ. ಒಂದೇ ಪುಟ ಓದಿಕೊಟ್ಟರೂ ದೊಡ್ಡ ಉಪಕಾರ.